ಗಂಟೆ ನುಂಗಿದ ದನಿ

ತಟ್ಟೆಯ ಮೇಲಿನ ಹಿಟ್ಟು ಕುಣಿಯತೊಡಗಿದ್ದು ನಾನು ಕೋಣೆಯ ನಡುವಿಗೆ ಬಂದಾಗ.

ಅಲ್ಲಿಯವರೆಗೆ ಅದು ತೆಪ್ಪಗೆ ಬಿದ್ದಿತ್ತು. ನಾಲ್ಕು ಗೋಡೆಗಳ ಬುಡದಲ್ಲೂ ತಟ್ಟೆ ಹಿಡಿದು ಓಡಾಡಿದ್ದೆ, ಒಂದು ಕಣವೂ ಅಲುಗಿರಲಿಲ್ಲ. ಈಗ ಹೊಸ ಗಂಟೆಯ ಬಾಯಿಯ ಕೆಳಗೆ ಬಂದದ್ದೇ ತಡ, ಜರಡಿ ಹಿಡಿದ ನಯವಾದ ಹಿಟ್ಟು ಸಣ್ಣ ದಿಬ್ಬಗಳಾಗಿ ಎದ್ದು ಬಳೆಯಂತೆ ಸುತ್ತಿಕೊಂಡಿತು. ಕಿವಿಗೆ ಮಾತ್ರ ಏನೂ ಕೇಳಿಸಲಿಲ್ಲ.

ಎರಕದ ಮನೆಯ ಮೇಸ್ತ್ರಿ ಬಾಗಿಲ ಬಳಿಯೇ ನಿಂತು ಕತ್ತು ಉದ್ದ ಮಾಡಿ ನೋಡುತ್ತಿದ್ದರು. ಜೋರಾಗಿ ಉಸಿರು ಬಿಡಬೇಡಿ, ಹಿಟ್ಟು ಹಾರುತ್ತದೆ ಎಂದೆ. ಈ ಕೋಣೆಗೆ ಕಾಲಿಟ್ಟಾಗಿನಿಂದ ತಾನು ಉಸಿರೇ ಬಿಟ್ಟಿಲ್ಲ ಎಂದರು ಅವರು. ತಮಾಷೆಗೆ ಹೇಳಿದ್ದಲ್ಲ, ಹಣೆಯ ಮೇಲೆ ಬೆವರಿತ್ತು.

ಮೊನ್ನೆ ಸಂಜೆ ಇದೇ ಗಂಟೆಯ ಕೆಳಗೆ ಎರಕದ ಯಜಮಾನರು ತಲೆ ಒಡೆದು ಸತ್ತು ಬಿದ್ದಿದ್ದರು. ಗಂಟೆಯ ಕಬ್ಬಿಣದ ನಾಲಿಗೆ ಕಾಣೆಯಾಗಿತ್ತು. ಅವರ ಒಬ್ಬಳೇ ಮಗಳು ಈಗ ಠಾಣೆಯ ಕಂಬಿಯ ಹಿಂದಿದ್ದಳು. ಇಂದು ಸಂಜೆ ಅವಳನ್ನು ಕೋರ್ಟಿಗೆ ಒಪ್ಪಿಸಿ ಕೈ ತೊಳೆದುಕೊಳ್ಳುವುದು ನಮ್ಮ ಸಾಹೇಬರ ಲೆಕ್ಕಾಚಾರ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆಯುವುದರಲ್ಲಿ ಅವರನ್ನು ಮೀರಿಸುವವರಿಲ್ಲ.

ಗೋಡೆಗೂ ಕಿವಿಯಿದೆ ಅನ್ನುವುದು ಎಲ್ಲ ಊರಿನ ಮಾತು. ನಮ್ಮೂರಿನ ಗೋಡೆಗಳಿಗೆ ಬಾಯಿಯೂ ಇದೆ. ಹೊಳೆದಂಡೆಯ ಸುಣ್ಣದ ಗುಣವೋ ಏನೋ, ಜೀವವನ್ನೆಲ್ಲ ಒಟ್ಟುಮಾಡಿ ಆಡಿದ ಮಾತು ಇಲ್ಲಿ ಗೋಡೆಯಲ್ಲಿ ಅಲೆಯಾಗಿ ನಿಂತುಬಿಡುತ್ತದೆ. ಆಡಿದ ಹೊತ್ತಿಗೆ ಸರಿಯಾಗಿ ದಿನವೂ ಮತ್ತೆ ಕೇಳಿಸುತ್ತದೆ. ಬೇಡವೆನಿಸಿದರೆ ಅದನ್ನು ಅಡಗಿಸಬಹುದು. ಅದೇ ಗಂಟಲಿನವರು, ಇಲ್ಲವೇ ಅದೇ ರಕ್ತದವರು, ಅದೇ ಮಾತನ್ನು ಅಡಗು ಬಟ್ಟಲಿನೊಳಗೆ ಆಡಬೇಕು. ಬಟ್ಟಲು ಅಲೆಯನ್ನು ತಿರುವಿಹಾಕಿ ಗೋಡೆಗೆ ಕಳಿಸುತ್ತದೆ. ಉಬ್ಬಿನ ಮೇಲೆ ತಗ್ಗು, ತಗ್ಗಿನ ಮೇಲೆ ಉಬ್ಬು ಕೂತು ಎರಡೂ ಸಮವಾಗಿ, ಗೋಡೆ ಬಾಯಿ ಮುಚ್ಚುತ್ತದೆ.

ಗೋಡೆಯ ಮಾತು ಆಲಿಸುವುದು ನನ್ನ ಕೆಲಸ. ಠಾಣೆಯ ಕಡತದಲ್ಲಿ ನನ್ನ ಹುದ್ದೆಗೆ ಉದ್ದದ ಹೆಸರಿದೆ, ಊರಿನ ಬಾಯಲ್ಲಿ ನಾನು ಕಿವಿಯಮ್ಮ. ನನ್ನ ಎಡಗಿವಿ ಚಿಕ್ಕಂದಿನಿಂದಲೂ ಕೆಪ್ಪು ಎಂಬುದು ಊರಿಗೇ ದೊಡ್ಡ ನಗೆಪಾಟಲು. ಒಂದೇ ಕಿವಿಯವಳಿಗೆ ಸದ್ದು ಯಾವ ದಿಕ್ಕಿನದು ಎಂದು ತಿಳಿಯುವುದಿಲ್ಲ. ಅದಕ್ಕೇ ಈ ಹಿಟ್ಟಿನ ತಟ್ಟೆ.

ಈ ಕೋಣೆಯ ಗೋಡೆಯಲ್ಲಿ ಇಷ್ಟು ವರ್ಷ ಯಜಮಾನರ ಹೆಂಡತಿಯ ದನಿ ಇತ್ತು. ಮಗಳಿನ್ನೂ ತೊಟ್ಟಿಲ ಕೂಸು; ತಾಯಿ ಒಂದು ಸಂಜೆ ಹೊಳೆ ದಾಟಲು ಹೋದಳು. ದೋಣಿ ಮಗುಚಿತು, ಹೆಣ ಸಿಗಲಿಲ್ಲ. ಮರುದಿನ ಸಂಜೆ ಗೋಡೆ ಮಾತಾಡಿತು. ಹೊರಡುವಾಗ ಅವಳು ಗಂಡನಿಗೆ ಹೇಳಿದ್ದ ಮಾತು ಅದು. ಮಗು ಎದ್ದರೆ ಎತ್ತಿಕೊಳ್ಳಿ, ಬಾಗಿಲು ಹಾಕಿಕೊಳ್ಳಿ. ಅಷ್ಟೇ. ಹೆಣ ಸಿಗದಿದ್ದರೇನು, ದನಿ ಸಿಕ್ಕಿತಲ್ಲ ಎಂದು ಊರು ಅವಳನ್ನು ಸತ್ತವರ ಲೆಕ್ಕಕ್ಕೆ ಸೇರಿಸಿತು.

ಅಂದಿನಿಂದ ಈ ಬೀದಿಯವರು ಆ ದನಿ ಕೇಳಿ ದೀಪ ಹಚ್ಚುತ್ತಿದ್ದರು. ಮೊನ್ನೆ ಅದು ಕೇಳಿಸಲಿಲ್ಲ. ಏನಾಯಿತೆಂದು ಮೇಸ್ತ್ರಿ ಒಳಗೆ ಹೋಗಿ ನೋಡಿದರೆ, ಯಜಮಾನರು ನೆಲದ ಮೇಲಿದ್ದರು.

ದೆವ್ವ ಇರುವ ಮನೆಗೆ ಹೆದರುವವರನ್ನು ಕಂಡಿದ್ದೇನೆ. ದೆವ್ವ ಬಿಟ್ಟುಹೋದ ಮನೆ ಇನ್ನೂ ಹೆಚ್ಚು ಹೆದರಿಸುತ್ತದೆ ಎಂದು ನನಗೆ ಗೊತ್ತಾಗಿದ್ದು ಈ ಕೋಣೆಯಲ್ಲಿ. ಗೋಡೆಯ ಸುಣ್ಣ, ಕಿಟಕಿಯ ಸರಳು, ಮಣ್ಣಿನ ಅಚ್ಚುಗಳು, ತೊಲೆಗೆ ನೇತುಬಿದ್ದ ಆಳೆತ್ತರದ ಗಂಟೆ, ಎಲ್ಲ ಇದ್ದಲ್ಲೇ ಇತ್ತು. ಆದರೂ ಯಾರೋ ಈಗಷ್ಟೇ ಎದ್ದುಹೋದಂತೆ ಕೋಣೆ ಕಾಯುತ್ತಿತ್ತು.

ಸಾಹೇಬರ ವಾದವೇನೂ ಪೊಳ್ಳಲ್ಲ. ಹೆಂಡತಿಯ ದನಿಯೂ ಹೋಗಿದೆ, ಸಾಯುವಾಗ ಯಜಮಾನರು ಕೂಗಿದ ಕೂಗೂ ಗೋಡೆಯಲ್ಲಿಲ್ಲ. ಎರಡನ್ನೂ ಅಡಗಿಸಬಲ್ಲ ಗಂಟಲು ಊರಿನಲ್ಲಿ ಒಂದೇ, ಇಬ್ಬರ ರಕ್ತವೂ ಇರುವ ಮಗಳದು. ಮೇಲಾಗಿ ಅಮ್ಮನ ದನಿ ಅಡಗಿಸಿಬಿಡೋಣ ಎಂದು ಅವಳು ಅಪ್ಪನ ಜೊತೆ ಜಗಳವಾಡಿದ್ದನ್ನು ಬೀದಿಯೇ ಕೇಳಿತ್ತು.

ಬೆಳಿಗ್ಗೆ ಠಾಣೆಯಲ್ಲಿ ಅವಳನ್ನು ಕಂಡಿದ್ದೆ. ಅಪ್ಪ ಇಟ್ಟ ಮುದ್ದಿನ ಹೆಸರು ಗೆಜ್ಜೆ. ಎಲ್ಲರೂ ಹಾಗೇ ಕರೆಯುವುದು. ಗೋಡೆಗೆ ಒರಗಿ ಕುಳಿತಿದ್ದಳು. ಕೊಲೆಯ ಮಾತು ಎತ್ತಿದರೆ ತಲೆ ಅಲ್ಲಾಡಿಸುತ್ತಿದ್ದಳು. ಜಗಳ ಯಾಕೆ ಆಯಿತು ತಾಯಿ ಎಂದು ಕೇಳಿದೆ.

"ಅಮ್ಮ ದಿನಾ ನನ್ನ ಎತ್ಕೊಳ್ಳಿ ಅಂತಾಳೆ. ನಾನು ದೊಡ್ಡವಳಾದೆ ಅಂತ ಅವಳಿಗೆ ಹೇಳೋರು ಯಾರು? ಅವಳನ್ನ ಬಿಟ್ಬಿಡೋಣ ಅಪ್ಪ, ಹೋಗ್ಲಿ ಪಾಪ ಅಂದೆ. ಅಷ್ಟಕ್ಕೆ ಕೂಗಾಡಿದ್ರು."

ಕಂಬಿಯ ಈಚೆಗೆ ನಿಂತು ನಾನು ಕಣ್ಣೊರೆಸಿಕೊಂಡೆ. ತನಿಖೆ ಮಾಡುವವರು ಅಳಬಾರದು ಎಂಬ ಕಾನೂನೇನೂ ಇಲ್ಲವಲ್ಲ.

ಅವಳು ಕೇಳಿದ್ದು ಒಂದೇ. ಇಂದು ಅಪ್ಪನನ್ನು ಮಣ್ಣು ಮಾಡುತ್ತಾರೆ, ಒಮ್ಮೆ ಮುಖ ನೋಡಬೇಕು. ರಕ್ತಸಂಬಂಧದ ಹಿರಿಯರು ಬಂದು ಠಾಣೆಯ ಬಟ್ಟಲಿನೆದುರು ಅವಳ ಜೊತೆ ದನಿ ಕೂಡಿಸಿ ತೋರಿಸಿದರೆ ಸ್ವಲ್ಪ ಹೊತ್ತು ಕಳಿಸಿಕೊಡಲು ಸಾಹೇಬರು ಒಪ್ಪಿದರು. ರಕ್ತ ಎಷ್ಟು ಹತ್ತಿರವೋ, ಕೂಡಿದ ದನಿಗೆ ಬಟ್ಟಲಿನ ನೀರು ಅಷ್ಟು ನಿಶ್ಚಲವಾಗುತ್ತದೆ. ಕಾವಲಿನಲ್ಲಿದ್ದವನು ನನ್ನ ಮೈದುನನೇ. ದೊಡ್ಡಮ್ಮ ಬಂದರೆ ತಡ ಮಾಡದೆ ಕಳಿಸು ಎಂದು ಅವನಿಗೂ ಹೇಳಿ ಬಂದಿದ್ದೆ.

ಗೆಜ್ಜೆಗೆ ಉಳಿದಿರುವ ಹಿರಿಯರೆಂದರೆ ದೊಡ್ಡಮ್ಮ ಒಬ್ಬಳೇ. ತಾಯಿಯ ಅಕ್ಕ. ಊರಿನಲ್ಲಿ ದನಿ ಅಡಗಿಸುವ ಕಸುಬಿನವಳು. ಅವಳನ್ನು ಎಲ್ಲರೂ ಸುಮ್ಮನಮ್ಮ ಎನ್ನುತ್ತಾರೆ. ಸಾವಿನ ಮನೆಗಷ್ಟೇ ಬರುವವಳಾದ್ದರಿಂದ ಯಾರೂ ಅವಳ ಮುಖವನ್ನು ನೇರ ನೋಡುವುದಿಲ್ಲ. ಶಾಲು ಕಂಡರೆ ದಾರಿ ಬಿಡುತ್ತಾರೆ, ಅಷ್ಟೇ. ಮೊದಲು ಎರಕದ ಮನೆಗೆ ಬಾ, ಅಲ್ಲಿಂದ ಇಬ್ಬರೂ ಠಾಣೆಗೆ ಹೋಗೋಣ ಎಂದು ಹೇಳಿಕಳಿಸಿದ್ದೆ.

ಅವಳು ಬರುವಷ್ಟರಲ್ಲಿ ನಾನು ನೋಡಬೇಕಾದ್ದು ಇನ್ನೊಂದಿತ್ತು.

ಬಾಗಿಲ ಪಕ್ಕದ ಮೂಲೆಯಲ್ಲಿ ಒದ್ದೆ ಆರಿದ ಕಲೆ. ಬಗ್ಗಿ ನೋಡಿದರೆ ಗೋಣಿಚೀಲದ ನೆಯ್ಗೆ ಅಚ್ಚೊತ್ತಿದಂತೆ ಕಾಣುತ್ತಿತ್ತು. ನೀರು ಚೆಲ್ಲಿದ್ದಿರಬಹುದು ಎಂದು ಸಾಹೇಬರು ದಾಟಿಹೋಗಿದ್ದರು.

ಅಡಗಿಸಿದ ಅಲೆ ಸಾಯುವುದಿಲ್ಲ. ಇಲ್ಲಿ ಅಳಿದದ್ದು ಇನ್ನೆಲ್ಲೋ ಹೋಗಿ ಇಮ್ಮಡಿಯಾಗಿ ನಿಲ್ಲುತ್ತದೆ. ಕೋಣೆಯ ಉದ್ದ, ಅಗಲ, ಎತ್ತರ ನೋಡಿ, ಅದು ನಿಲ್ಲುವ ಜಾಗ ಯಾವುದೆಂದು ಗುರುತಿಸಿ, ಕಸುಬಿನವರು ಅಲ್ಲಿ ಒದ್ದೆ ಗೋಣಿ ಹಾಸುತ್ತಾರೆ. ಗೋಣಿ ಅದನ್ನು ಕುಡಿಯುತ್ತದೆ. ಆಮೇಲೆ ಒಯ್ದು ಹೊಳೆಯಲ್ಲಿ ಜಾಲಾಡಿಸಿದರೆ ಮುಗಿಯಿತು. ಇದು ಕಸುಬಿನವರ ಮನೆಯೊಳಗಿನ ಗುಟ್ಟು. ಗಂಟೆಯವರ ಮಗಳಿಗೆ ತಿಳಿದಿರಲು ಸಾಧ್ಯವಿಲ್ಲ.

ಆದರೆ ಆ ಗೋಣಿ ಏನನ್ನೂ ಕುಡಿದಿರಲಿಲ್ಲ. ಅಲೆ ಆ ಮೂಲೆಗೆ ಹೋಗಿಯೇ ಇರಲಿಲ್ಲ. ಹೋಗಿದ್ದು ಗಂಟೆಯೊಳಕ್ಕೆ.

ಕಸುಬು ಬಲ್ಲವರು ಇಂಥ ತಪ್ಪು ಮಾಡುವುದು ಹೇಗೆ? ನಾನು ಎರಡು ಹೆಜ್ಜೆ ಹಿಂದಕ್ಕೆ ಇಟ್ಟೆ. ಕಾಲಡಿ ಟೊಳ್ಳು ಸದ್ದಾಯಿತು.

"ಇದರ ಕೆಳಗೆ ಏನಿದೆ ಮೇಸ್ತ್ರೀ?"

"ಎರಕದ ಗುಂಡಿ. ಹಲಗೆ ಹಾಕಿ, ಮೇಲೆ ಮರಳು ಹರಡಿದೀವಿ. ಗೊತ್ತಿಲ್ದೋರಿಗೆ ನೆಲ ಅಂತ್ಲೇ ಕಾಣೋದು."

"ಮೊದಲಿಂದ ಇಲ್ಲೇ ಇತ್ತಾ?"

ಇರಲಿಲ್ಲವಂತೆ. ಮೊದಲು ಗುಂಡಿ ಅಂಗಳದಲ್ಲಿತ್ತು. ಗೆಜ್ಜೆ ಅಂಬೆಗಾಲಿಟ್ಟು ಅಂಗಳಕ್ಕೆ ಇಳಿಯತೊಡಗಿದಾಗ ಯಜಮಾನರಿಗೆ ಭಯ ಹತ್ತಿತು. ತಾಯಿಯಿಲ್ಲದ ಕೂಸು, ಕಣ್ಣು ತಪ್ಪಿದರೆ ಗತಿಯೇನು ಎಂದು ಅದನ್ನು ಮುಚ್ಚಿಸಿ ಒಳಗೆ ತೋಡಿಸಿದರು. ಹೆಂಡತಿ ಹೋದ ಮರುವರ್ಷದ ಕೆಲಸ ಅದು ಎಂದರು ಮೇಸ್ತ್ರಿ.

ಕಾಲ ಕೆಳಗೆ ಟೊಳ್ಳು ಬಂದರೆ ಕೋಣೆಯ ಲೆಕ್ಕವೇ ಬದಲಾಗುತ್ತದೆ. ಗಟ್ಟಿ ನೆಲವಾಗಿದ್ದರೆ ಅಲೆ ಬಾಗಿಲ ಮೂಲೆಗೇ ಹೋಗುತ್ತಿತ್ತು; ಟೊಳ್ಳು ಅದನ್ನು ನಡುವಿನ ಗಂಟೆಯತ್ತ ತಿರುಗಿಸಿತ್ತು. ಗೋಣಿ ಹಾಸಿದವರ ಲೆಕ್ಕ ಸರಿಯೇ, ಕೋಣೆ ಮಾತ್ರ ಹಳೆಯದು. ಕಸುಬು ಗೊತ್ತು, ಹಳೆಯ ಕೋಣೆ ಗೊತ್ತು, ಗುಂಡಿ ಗೊತ್ತಿಲ್ಲ. ಅಂಥವರು ಯಾರು?

ಈ ಗಂಟೆಯನ್ನು ಬೇಗ ಸಾಗಿಸಬಹುದೇ, ಕೊಳ್ಳುವವರು ಕಾಯುತ್ತಿದ್ದಾರೆ ಎಂದು ಮೇಸ್ತ್ರಿ ಗೊಣಗಿದರು. ನಾನು ತಿರುಗಿ ನೋಡಿದ್ದೇ, ತನಗೇನೂ ಗೊತ್ತಿಲ್ಲ, ತಾನು ಹೆಂಡತಿಯ ಮೇಲೂ ಕೈ ಎತ್ತಿದವನಲ್ಲ ಎಂದು ಶುರು ಮಾಡಿದರು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಳ್ಳುವ ಜಾತಿ. ಇಂಥವರು ಸಾಮಾನ್ಯವಾಗಿ ಏನೂ ಮಾಡಿರುವುದಿಲ್ಲ.

ಅಷ್ಟರಲ್ಲಿ ಬಾಗಿಲಲ್ಲಿ ಬೂದುಬಣ್ಣದ ಶಾಲು ಕಾಣಿಸಿತು. ಮೇಸ್ತ್ರಿ ಗೋಡೆಗೆ ಮುಖ ತಿರುಗಿಸಿದರು.

ಸುಮ್ಮನಮ್ಮ ಒಳಗೆ ಬಂದು ನಿಂತಳು. ನಾವಿಬ್ಬರೂ ಚಿಕ್ಕಂದಿನಲ್ಲಿ ಒಂದೇ ಬೆಂಚಿನಲ್ಲಿ ಕೂತವರು. ನಾನು ಕೇಳಿಸಿಕೊಳ್ಳುವುದನ್ನು ಅವಳು ಅಳಿಸುತ್ತಾಳೆ. ಹೀಗಾಗಿ ನಮ್ಮ ಗೆಳೆತನಕ್ಕೆ ಸದಾ ಸ್ವಲ್ಪ ಹುಳಿ ಇದ್ದೇ ಇತ್ತು. ಅವಳು ಕೋಣೆಯಲ್ಲೆಲ್ಲ ಒಮ್ಮೆ ಕಣ್ಣಾಡಿಸಿ ಗೋಡೆಯ ಕಡೆ ಹೊರಟಳು.

"ತಂಗಿ ದನಿ ಅಡಗಿಸಿದ್ದು ನೀನೇನಾ?" ಎಂದು ನೇರವಾಗಿ ಕೇಳಿದೆ.

ಅವಳು ನಿಲ್ಲಲಿಲ್ಲ.

"ಕಸುಬು ನಿಂದು. ರಕ್ತ ನಿಂದು. ಮೂಲೇಲಿ ಗೋಣಿ ಹಾಸಿದ ಗುರುತಿದೆ. ಪ್ರತಿ ವರ್ಷ ಬಂದು ಅಡಗಿಸಿಬಿಡ್ತೀನಿ ಅಂತ ಯಜಮಾನರ ಹತ್ರ ಕೇಳ್ತಿದ್ದೆ. ಅವರು ಒಪ್ತಿರಲಿಲ್ಲ. ಮೊನ್ನೆ ಏನಾಯ್ತು?"

"ಗೋಣಿ ಎಲ್ಲಿ ಹಾಸಿದ್ರು?"

ತೋರಿಸಿದೆ. ಆ ಮೂಲೆಯನ್ನು ನೋಡಿ ಅವಳ ಹುಬ್ಬು ಗಂಟಿಕ್ಕಿತು. ಯಾರೋ ಎಳೆಯ ಕೈಯವರು ತಪ್ಪು ಮಾಡಿದ್ದಾರೆ ಎಂಬಂತೆ ನೋಡಿದಳು. ಅದೇ ಹೊತ್ತಿಗೆ ನನಗೆ ಇನ್ನೊಂದು ಕಾಣಿಸಿತು. ಬಾಗಿಲಿಂದ ಗೋಡೆಗೆ ಹೋಗುವಾಗ ಅವಳು ನೆಟ್ಟಗೆ ನಡೆದಿರಲಿಲ್ಲ. ಗುಂಡಿಯ ಹಲಗೆಗಳನ್ನು ತುಳಿಯದೆ ಸುತ್ತು ಹಾಕಿ ಹೋಗಿದ್ದಳು. ಹಿಂದೊಮ್ಮೆ ಇಲ್ಲಿ ಅವಳ ಕಾಲು ಸಿಕ್ಕಿಕೊಂಡು ಉಳುಕಿತ್ತು ಎಂದು ಮೇಸ್ತ್ರಿ ಗೋಡೆಯ ಕಡೆ ತಿರುಗಿಯೇ ಹೇಳಿದರು.

ಗುಂಡಿ ಗೊತ್ತಿರುವವಳು ಗೋಣಿಯನ್ನು ಅಲ್ಲಿ ಹಾಸುವುದಿಲ್ಲ. ನನ್ನ ಒಂದು ಒಳ್ಳೆಯ ಅನುಮಾನ ನನ್ನ ಕಣ್ಣೆದುರಿಗೇ ಸತ್ತಿತು. ನಿಜ ಹೇಳಬೇಕೆಂದರೆ ನನಗೆ ಸಮಾಧಾನವೂ ಆಯಿತು.

ಸುಮ್ಮನಮ್ಮ ತಲೆಯಿಂದ ಒಂದು ಬಿಳಿ ಕೂದಲು ಕಿತ್ತು, ತುದಿ ಹಿಡಿದು, ಗೋಡೆಗೆ ಸೋಕಿಸಿದಳು. ಕೂದಲು ಹಾಗೇ ನಿಂತಿತು. ಇನ್ನೊಂದು ಗೋಡೆಗೆ ಹೋದಳು. ಅಲ್ಲೂ ಅಷ್ಟೇ. ನಾಲ್ಕನೆಯ ಗೋಡೆಯಲ್ಲೂ ಕೂದಲು ನಡುಗಲಿಲ್ಲ. ಅವಳು ಅದನ್ನು ಬೆರಳಿಗೆ ಸುತ್ತಿಕೊಂಡಳು.

"ಇದು ಗೆಜ್ಜೆ ಮಾಡಿದ್ದಲ್ಲ," ಎಂದಳು.

"ಹೇಗೆ ಹೇಳ್ತೀಯ?"

"ನಮ್ಮಮ್ಮನ ದನಿ ಅಡಗಿಸಿದ್ದು ನಾನು. ಹೆತ್ತ ಮಗಳು. ಕಸುಬು ಕಲಿಸಿದ್ದೂ ಅವಳೇ. ಆದ್ರೂ ಇವತ್ತಿಗೂ ಆ ಗೋಡೆಗೆ ಕೂದಲು ಹಿಡಿದ್ರೆ ನಡುಗತ್ತೆ. ಮಗಳ ಗಂಟಲಲ್ಲಿ ಅಪ್ಪನ ಪಾಲೂ ಇರತ್ತಲ್ಲ, ಅದರಿಂದ ಒಂದು ಎಳೆ ಉಳಿದೇ ಉಳಿಯತ್ತೆ. ತಂಗಿ ದನಿಗೆ ಅಕ್ಕನ ಗಂಟಲು ಅಂದ್ರೆ ಇನ್ನೂ ಹೆಚ್ಚು ಉಳಿಯತ್ತೆ. ಇಲ್ಲಿ ಏನೂ ಇಲ್ಲ ಕಿವಿಯಮ್ಮ."

ಬೆಣ್ಣೆಯಿಂದ ಕೂದಲು ತೆಗೆದ ಹಾಗೆ ಯಾರೋ ಆ ದನಿಯನ್ನು ಎತ್ತಿಕೊಂಡು ಹೋಗಿದ್ದರು.

"ಒಂದೆಳೆಯೂ ಉಳಿಯಬಾರದು ಅಂದ್ರೆ ಯಾರ ಗಂಟಲು ಬೇಕು?"

"ಅದೇ ಗಂಟಲು," ಎಂದಳು ಸುಮ್ಮನಮ್ಮ. ಹೇಳಿದ ಮೇಲೆ ತಾನು ಏನು ಹೇಳಿದೆ ಎಂದು ಅವಳಿಗೆ ಹೊಳೆಯಿತು. ಶಾಲಿನ ತುದಿಯನ್ನು ಬಾಯಿಗೆ ಒತ್ತಿಕೊಂಡಳು. "ಅದು ಆಗೋ ಮಾತಲ್ಲ. ಅವಳು ಸತ್ತು ಎಷ್ಟು ಕಾಲ ಆಯ್ತು."

"ಸತ್ತಳು ಅಂತ ಹೇಳಿದ್ದು ಯಾರು?"

"ಗೋಡೆ ಹೇಳ್ತಲ್ಲ."

ಇಲ್ಲಿ ನನ್ನ ಸ್ವಂತದ ಒಂದು ಮಾತು ಹೇಳಬೇಕು. ನನ್ನ ಮನೆಯವರು ತೀರಿಕೊಂಡಾಗ ನಾನು ಮನೆಯ ಒಂದೊಂದು ಗೋಡೆಗೂ ಬಲಗಿವಿ ಹಚ್ಚಿ ಕೂತಿದ್ದೆ. ಏನೂ ಇರಲಿಲ್ಲ. ಮೂವರ ಊಟ ಒಬ್ಬರೇ ಮಾಡುವ, ಮಾತಿಗೆ ಕೂತರೆ ಏಳದ ಮನುಷ್ಯ. ಹೋಗುವಾಗ ನನಗೊಂದು ಮಾತು ಬಿಟ್ಟಿರಲಿಲ್ಲ. ನಿದ್ದೆಯಲ್ಲೇ ಹೋದರು. ಊರಿನ ಗೋಡೆಗಳನ್ನೆಲ್ಲ ಆಲಿಸುವವಳಿಗೆ ಸ್ವಂತ ಮನೆಯಲ್ಲಿ ಕೇಳಲು ಏನೂ ಇಲ್ಲ. ಆ ನೋವು ಇನ್ನೂ ಹೋಗಿಲ್ಲ, ಹೋಗುವುದೂ ಇಲ್ಲ.

ಆದರೆ ಅದೇ ನೋವು ಈಗ ನನಗೊಂದು ದಾರಿ ತೋರಿಸಿತು. ಸತ್ತವರ ದನಿಯೆಲ್ಲ ಉಳಿಯುವುದಿಲ್ಲ. ಹಾಗಾದರೆ ಉಳಿದ ದನಿಯೆಲ್ಲ ಸತ್ತವರದ್ದೇ ಯಾಕಾಗಬೇಕು? ಗೋಡೆ ಹಿಡಿಯುವುದು ಸಾವನ್ನಲ್ಲ, ಜೀವ ಒಟ್ಟುಮಾಡಿ ಆಡಿದ ಮಾತನ್ನು. ಮತ್ತೆ ಬರುವುದಿಲ್ಲ ಎಂದು ಮೊದಲೇ ಗೊತ್ತಿದ್ದ ಹೆಂಗಸು, ತೊಟ್ಟಿಲ ಕೂಸನ್ನು ಬಿಟ್ಟು ಹೊರಡುವಾಗ, ಬಾಗಿಲಲ್ಲಿ ಆಡಿದ ಮಾತು ಅದಕ್ಕಿಂತ ಕಡಿಮೆ ಜೀವದ್ದೇ?

ನಾವು ಈ ಊರಿನವರೇ ಮಾಡಬಹುದಾದ ತಪ್ಪು ಇದು. ಬೇರೆ ಊರಾಗಿದ್ದರೆ ಹೆಣ ಹುಡುಕುತ್ತಿದ್ದರು. ನಾವು ಗೋಡೆಯ ಮಾತು ಕೇಳಿ ಹುಡುಕುವುದನ್ನು ನಿಲ್ಲಿಸಿದೆವು.

ಇದನ್ನು ಸುಮ್ಮನಮ್ಮನಿಗೆ ಹೇಳಿದಾಗ ಅವಳು ಅಳಲಿಲ್ಲ, ಬೈಯಲೂ ಇಲ್ಲ. ಗೋಡೆ ಬದಿಯ ಕಟ್ಟೆಯ ಮೇಲೆ ಕುಳಿತುಬಿಟ್ಟಳು. ಚಿಕ್ಕವಳಿದ್ದಾಗ ತಂಗಿ ತನಗಿಂತ ಚೆನ್ನಾಗಿ ಬಟ್ಟಲು ಹಿಡಿಯುತ್ತಿದ್ದಳು, ಮದುವೆಯಾಗಿ ಇಲ್ಲಿಗೆ ಬಂದ ಮೇಲೆ ಈ ಮನೆಯಲ್ಲಿ ಅದನ್ನು ಮುಟ್ಟಗೊಡಲಿಲ್ಲ ಎಂದು ನೆಲ ನೋಡುತ್ತ ಹೇಳಿದಳು. ಗಂಡ ಹೆಂಡತಿ ಹೇಗಿದ್ದರು ಎಂದು ಕೇಳಿದೆ. ಅವಳು ಶಾಲು ಎಳೆದು ಮುಖ ಮುಚ್ಚಿಕೊಂಡಳು. ಮೇಸ್ತ್ರಿಯೂ ಗೋಡೆಯಿಂದ ಮುಖ ತಿರುಗಿಸಲಿಲ್ಲ.

ಹಿಟ್ಟಿನ ತಟ್ಟೆಯನ್ನು ಮತ್ತೆ ಗಂಟೆಯ ಕೆಳಗೆ ಹಿಡಿದೆ. ಮೊದಲಿನ ದಿಬ್ಬಗಳಿರಲಿಲ್ಲ. ಸಣ್ಣಗೆ ಮಿಸುಕುತ್ತಿತ್ತು, ಅಷ್ಟೇ. ಅಲೆ ಸೋರುತ್ತಿತ್ತು. ಸಂಜೆಗೆ ಸಾಹೇಬರು ಬರುವವರೆಗೆ ಕಾದರೆ ಗಂಟೆ ಬರಿದಾಗುತ್ತದೆ. ಈಗ ಬಡಿದರೆ ಒಳಗಿರುವುದು ಒಂದೇ ಸಲ ಹೊರಗೆ ಚೆಲ್ಲುತ್ತದೆ, ಮತ್ತೆ ಕೇಳಬೇಕೆಂದರೂ ಸಿಗುವುದಿಲ್ಲ. ಸಾಕ್ಷಿಗೆ ಇರುವವರು ಹೆದರಿದ ಮೇಸ್ತ್ರಿ, ಹುಡುಗಿಯ ದೊಡ್ಡಮ್ಮ. ಕೋರ್ಟಿನಲ್ಲಿ ಇಬ್ಬರ ಮಾತಿಗೂ ಕಾಸಿನ ಬೆಲೆಯಿಲ್ಲ.

ಆದರೂ ಗೆಜ್ಜೆಯ ಜೀವ ಆ ಗಂಟೆಯೊಳಗಿತ್ತು. ಮರದ ಕೊಡತಿ ತನ್ನಿ ಎಂದೆ.

ಮೇಸ್ತ್ರಿ ಕೊಡತಿ ಎತ್ತಿದರು. ಒಮ್ಮೆ ನನ್ನನ್ನು ನೋಡಿದರು. ಹೊಡೆದರು.

ಗಂಟೆಯ ಸದ್ದು ಬರಲಿಲ್ಲ. ಬಂದದ್ದು ಹೆಣ್ಣಿನ ದನಿ. ಬೀದಿಯವರೆಲ್ಲ ಬಲ್ಲ ದನಿ, ಎಳೆಯದು, ಆತುರದ್ದು.

"ಮಗು ಎದ್ರೆ ಎತ್ಕೊಳ್ಳಿ. ಬಾಗಿಲು ಹಾಕ್ಕೊಳ್ಳಿ."

ಅದರ ಬೆನ್ನಿಗೇ, ಅದರ ಮೇಲೆಯೇ ಕೂತಂತೆ, ಅದೇ ಮಾತು ಇನ್ನೊಮ್ಮೆ. ಅದೇ ಗಂಟಲು. ಆದರೆ ಅದು ಈಗ ಒರಟಾಗಿತ್ತು, ಬಿಸಿಲು ಗಾಳಿ ಕಂಡಿತ್ತು, ವಯಸ್ಸಾಗಿತ್ತು. ಆತುರ ಇರಲಿಲ್ಲ. ಒಂದೊಂದು ಅಕ್ಷರವನ್ನೂ ಅಳೆದು ಇಟ್ಟಂತೆ ಹೇಳಿದಳು. ಇಬ್ಬರಲ್ಲ, ಒಬ್ಬಳೇ. ನಡುವೆ ಗೆಜ್ಜೆಯ ವಯಸ್ಸಿನಷ್ಟು ಕಾಲ ಕಳೆದಿತ್ತು.

ಸುಮ್ಮನಮ್ಮ ಎದ್ದುನಿಂತಿದ್ದಳು. ಅವಳ ತುಟಿ ತಂಗಿಯ ಮುದ್ದಿನ ಹೆಸರನ್ನು ಆಡುತ್ತಿತ್ತು.

ನಾನು ಗಂಡಸಿನ ಕೂಗಿಗೆ ಕಾದೆ. ಅದು ಬರಲಿಲ್ಲ. ಬರುವುದು ಸಾಧ್ಯವೂ ಇರಲಿಲ್ಲ. ಹೆಂಡತಿಯ ಗಂಟಲು ಗಂಡನ ಕೂಗನ್ನು ಅಡಗಿಸಲಾರದು. ಅವರು ಕೂಗಿದ್ದರೆ ಆ ಕೂಗು ಇನ್ನೂ ಗೋಡೆಯಲ್ಲಿ ಇರಬೇಕಿತ್ತು. ನಾವೆಲ್ಲ ಯಾರೋ ಅಳಿಸಿದ್ದಾರೆ ಎಂದುಕೊಂಡಿದ್ದ ಕೂಗು ಹುಟ್ಟಿಯೇ ಇರಲಿಲ್ಲ. ಅಷ್ಟು ವರ್ಷ ದಿನವೂ ಸಂಜೆ ಗೋಡೆಯಲ್ಲಿ ಕೇಳಿದ ದನಿ ಬಾಗಿಲಲ್ಲಿ ಬಂದು ನಿಂತಾಗ, ಯಜಮಾನರು ಬಾಯಿ ಬಿಡದೆ ನೋಡುತ್ತ ನಿಂತಿದ್ದರು. ಏಟು ಬೀಳುವಾಗಲೂ ಬಾಯಿ ಬಿಡಲಿಲ್ಲ. ಅದು ಬೆರಗೋ, ಭಯವೋ, ಬರಬೇಕಾದ್ದು ಬಂತು ಎಂಬ ಒಪ್ಪಿಗೆಯೋ ನನಗೆ ತಿಳಿಯಲಿಲ್ಲ.

ಗಂಟೆಯಲ್ಲಿ ಇನ್ನೂ ಸ್ವಲ್ಪ ಉಳಿದಿತ್ತು. ತಾನೇ ಎಬ್ಬಿಸಿದ ಎದುರಲೆ ಕೋಣೆಯಲ್ಲಿ ಇನ್ನೂ ನಿಂತಿರುವಾಗ ಅವಳು ಒಂದು ಮಾತು ಹೆಚ್ಚಿಗೆ ಆಡಿದ್ದಳು. ಅದೂ ಗೋಡೆ ಸೇರದೆ ಗಂಟೆಗೆ ಜಾರಿತ್ತು. ವಯಸ್ಸಾದ ಆ ದನಿ ಮೆಲ್ಲಗೆ ಹೊರಬಂತು.

"ನಿಮಗೋಸ್ಕರ ಬಂದಿಲ್ಲ. ನನ್ನ ಮಗೂನ ಕರ್ಕೊಂಡು ಹೋಗಕ್ಕೆ ಬಂದೆ."

ಆಮೇಲೆ ಬರೀ ಕಂಚಿನ ಗುಂಯ್ ಉಳಿಯಿತು. ಅದೂ ಆರಿತು. ತಟ್ಟೆಯ ಹಿಟ್ಟು ಮಲಗಿತು.

ಮೇಸ್ತ್ರಿ ಕೊಡತಿಯನ್ನು ಕೆಳಗಿಡುವುದನ್ನೇ ಮರೆತಿದ್ದರು. ತಾನು ಕೇಳಿದ್ದನ್ನು ಎಲ್ಲಿ ಬೇಕಾದರೂ ಹೇಳುತ್ತೇನೆ ಎಂದರು, ಯಾರೂ ಕೇಳದಿದ್ದರೂ. ನನಗೆ ಅವರ ಮೇಲೆ ಒಮ್ಮೆಲೇ ಗೌರವ ಬಂತು. ಗೆಜ್ಜೆ ತಪ್ಪಿತಸ್ಥೆಯಲ್ಲ. ಸಾಹೇಬರು ಮುಖ ಸಿಂಡರಿಸಿದರೂ ಸರಿ, ಇಂದು ಸಂಜೆ ಅವಳು ಮನೆಯಲ್ಲಿರುತ್ತಾಳೆ. ನಡಿ, ಮೊದಲು ಹುಡುಗಿಯನ್ನು ಬಿಡಿಸಿಕೊಂಡು ಬರೋಣ ಎಂದು ಸುಮ್ಮನಮ್ಮನ ತೋಳು ಹಿಡಿದೆ.

ಆಗ ನನಗೆ ಫೋನ್ ಬಂತು. ಮೈದುನ. ದನಿಯಲ್ಲಿ, ಒಪ್ಪಿಸಿದ ಕೆಲಸ ಮುಗಿಸಿದವನ ಹೆಮ್ಮೆ.

"ಅತ್ತಿಗೆ, ನೀವು ಹೇಳಿದ ಹಾಗೇ ಮಾಡಿದೀನಿ. ದೊಡ್ಡಮ್ಮ ಬಂದಿದ್ರು. ಗೆಜ್ಜೇನ ಕಳಿಸಿಕೊಟ್ಟೆ."

"ಯಾವ ದೊಡ್ಡಮ್ಮ?"

"ಇನ್ಯಾವ ದೊಡ್ಡಮ್ಮ, ಸುಮ್ಮನಮ್ಮ. ಬಟ್ಟಲಿಟ್ಟು ನೋಡಿಯೇ ಕಳಿಸಿದ್ದು ಅತ್ತಿಗೆ, ನಾನೇನು ಹಾಗೇ ಬಿಡ್ತೀನಾ? ಇಬ್ಬರೂ ದನಿ ಕೂಡಿಸಿದ್ರು. ಇಷ್ಟು ವರ್ಷದಲ್ಲಿ ಹಾಗೆ ಕೂಡಿದ್ದು ನಾನು ನೋಡೇ ಇಲ್ಲ. ಅಂಚಲ್ಲಿ ಒಂದೆಳೆ ಅಲುಗಿದ್ದು ಬಿಟ್ರೆ ನೀರು ಕನ್ನಡಿ ಆಗೋಯ್ತು."

ದೊಡ್ಡಮ್ಮನ ದನಿ ಕೂಡಿದ್ದರೆ ಬಟ್ಟಲಿನ ಅರ್ಧ ನೀರಾದರೂ ಕಲಕಬೇಕಿತ್ತು. ಒಂದೇ ಎಳೆ ಉಳಿಯುವುದು ಹೆತ್ತವಳಿಗೆ ಮಾತ್ರ. ಮುಖ ನೋಡಿದೆಯಾ ಎಂದು ಕೇಳಿದೆ. ಶಾಲು ಹೊದ್ದಿದ್ದರು, ಅವರ ಮುಖ ಯಾರು ನೋಡುತ್ತಾರೆ ಎಂದ. ಯಾವ ಕಡೆ ಹೋದರು ಎಂದು ಕೇಳಿದೆ. ಸ್ಮಶಾನದ ದಾರಿ ಅಂದುಕೊಂಡಿದ್ದೆ, ಆದರೆ ಹೊಳೆಯ ಕಡೆ ತಿರುಗಿದರು ಎಂದ. ಗೆಜ್ಜೆ ಅವರ ಮುಖವನ್ನೇ ನೋಡುತ್ತ ಹೋದಳಂತೆ.

ಸುಮ್ಮನಮ್ಮ ನನ್ನ ಕೈಯಿಂದ ಫೋನ್ ತೆಗೆದುಕೊಂಡಳು. ಸ್ಪೀಕರ್ ಒತ್ತಿ ಮೂವರ ನಡುವೆ ಹಿಡಿದಳು.

"ಆಯಮ್ಮನ ಕೈಲಿ ಏನಾದ್ರೂ ಇತ್ತಾ?"

"ಇದ್ಯಾರು ಮಾತಾಡ್ತಿರೋದು?"

"ಗೆಜ್ಜೆ ದೊಡ್ಡಮ್ಮ."

ಆ ಕಡೆ ಮೈದುನನ ಉಸಿರು ಕೇಳಿಸಿತು. ಹೆಮ್ಮೆ ಇಳಿದುಹೋಗಿತ್ತು.

"ಒಂದು ಚೀಲ ಇತ್ತು. ಬಟ್ಟಲಿನ ಹತ್ರ ಬರುವಾಗ ಮೇಜಿನ ಮೇಲಿಟ್ರು. ತುಂಬ ಭಾರ ಇತ್ತು ಅತ್ತಿಗೆ, ಮೇಜೇ ಅಲ್ಲಾಡ್ತು. ಒಳಗಿಂದ ಕಬ್ಬಿಣದ ಸದ್ದು ಬಂತು."

ಮೇಸ್ತ್ರಿ ಕತ್ತೆತ್ತಿ ನಾಲಿಗೆಯಿಲ್ಲದ ಗಂಟೆಯ ಒಳಗೆ ನೋಡಿದರು.